ಕೈ ಎತ್ತಿದರಷ್ಟೇ ರೈಲು ನಿಲ್ಲುವ ಊರು

ಜರ್ಮನಿಯಲ್ಲಿ ಒಂದು ಕೈ ಎತ್ತಿ ಓಡುವ ರೈಲನ್ನು ನಿಲ್ಲಿಸುವ ತಾಕತ್ತು ನಮ್ಮ ಕಾಕಾಗೆ ಇದೆ ಎಂದರೆ ನೀವು ನಂಬುವುದಿಲ್ಲ. ನಂಬಬೇಡಿ. ನಾನೂ ನಂಬಿರಲಿಲ್ಲ. ಈ ದೇಶದ ರೈಲು ತಾನು ಅರ್ಧ ಗಂಟೆ ತಡವಾಗಿ ಬಂದರೂ ನಮಗಾಗಿ ಅರ್ಧ ನಿಮಿಷ ಕಾಯುವುದಿಲ್ಲ. ಮೂಗಿನ ಮುಂದೆಯೇ ಬಾಗಿಲು ಮುಚ್ಚಿಕೊಂಡು ಹೋಗುತ್ತದೆ. ಅಂಥ ರೈಲು ದಿನಾ ಬೆಳಿಗ್ಗೆ ನಮ್ಮ ಕಾಕಾನ ಮುಂದೆ ಬಂದು, ಉಸಿರು ಬಿಟ್ಟು, ತೆಪ್ಪಗೆ ನಿಲ್ಲುತ್ತದೆ!

ಮೊದಲು ಸಂಬಂಧ ಹೇಳಿಬಿಡುತ್ತೇನೆ. ಇವರು ನಮ್ಮಪ್ಪನ ಅಜ್ಜಿಯ ತಂಗಿಯ ಮೊಮ್ಮಗ. ಊರಿನಲ್ಲಿದ್ದಿದ್ದರೆ ಮದುವೆಯಲ್ಲೊಮ್ಮೆ ಕಂಡು ‘ಆರಾಮ ಇದ್ದೀರಿ?’ ಎನ್ನುವಷ್ಟು ದೂರದವರು. ಜರ್ಮನಿಯಲ್ಲಿ ಇಷ್ಟು ಸಂಬಂಧ ಸಿಕ್ಕರೆ ಖಾಸಾ ಕಾಕಾನೇ! ಅವರು ರೇಗನ್ಸ್‌ಬರ್ಗಿನಲ್ಲಿ ಮೋಟಾರು ಬಿಡಿಭಾಗ ಮಾಡುವ ಕಾರ್ಖಾನೆಯೊಂದರಲ್ಲಿ ಎಂಜಿನಿಯರು. ನಾನು ಅದೇ ಊರಿನಲ್ಲಿ ಕಂಪ್ಯೂಟರಿನ ಚಿಪ್ಪು ಮಾಡುವ ಕಾರ್ಖಾನೆಗೆ ಕೆಲಸಕ್ಕೆಂದು ಬಂದಿಳಿದಾಗ ಅಪ್ಪ ಫೋನಿನಲ್ಲಿ ಹೇಳಿದ್ದು ಒಂದೇ ಮಾತು: “ಅಲ್ಲೆ ನಿಮ್ಮ ಕಾಕಾ ಅದಾನ. ಶಾಣ್ಯಾ ಮನಷ್ಯಾ. ಆದ್ರ ರೈಲಿನ ವಿಷಯ ತಗೀಬ್ಯಾಡ.”

ರೈಲಿನ ವಿಷಯ ತೆಗೆಯದೆ ಅವರ ಮನೆಗೆ ಹೋಗುವುದು ಹೇಗೆ? ಅವರು ಇರುವುದೇ ರೈಲು ನಿಲ್ದಾಣದಲ್ಲಿ!

ಉತ್ಪ್ರೇಕ್ಷೆಯಲ್ಲ. ರೇಗನ್ಸ್‌ಬರ್ಗಿನಿಂದ ಒಂದೂಕಾಲು ಗಂಟೆ ದೂರ, ಚೆಕ್ ಗಡಿಯ ಕಡೆಗೆ, ಕಾಡಿನ ನಡುವೆ ಹಿಂಟರ್‌ಕಿರ್ನಾವ್ ಎಂಬ ಊರು. ಊರು ಎಂದರೆ ಹದಿನಾಲ್ಕು ಮನೆ, ಒಂದು ಚರ್ಚು, ಮುಚ್ಚಿದ ಒಂದು ಗಾಸ್ಟ್‌ಹೌಸು, ಅಂದರೆ ಊಟ-ವಸತಿಯ ಮನೆ. ಹಳೆಯ ನಿಲ್ದಾಣದ ಕಟ್ಟಡವನ್ನು ರೈಲ್ವೆಯವರು ಎಂದೋ ಮಾರಿಬಿಟ್ಟಿದ್ದಾರೆ. ಕೆಳಗೆ ಮನೆಯೊಡತಿ ಲಿಂಡ್ನರ್ ಅಜ್ಜಿ, ಮೇಲೆ ಬಾಡಿಗೆಗೆ ನಮ್ಮ ಕಾಕಾ ಮತ್ತು ಕಾಕು. ಅಡುಗೆಮನೆಯ ಕಿಟಕಿ ತೆರೆದರೆ ಪ್ಲಾಟ್‌ಫಾರ್ಮು. ಪ್ಲಾಟ್‌ಫಾರ್ಮಿನ ಮೇಲೆ ಒಂದು ಬೆಂಚು, ಮೂರು ಬದಿಗೆ ಗಾಜು ಹಾಕಿದ ಒಂದು ಗೂಡು, ನಾಲ್ಕೂ ಹತ್ತಕ್ಕೆ ನಿಂತುಹೋದ ಒಂದು ಗಡಿಯಾರ. ಟಿಕೆಟ್ ಯಂತ್ರ ಇತ್ತಂತೆ, ಈಗ ಅದರ ನಾಲ್ಕು ಬೋಲ್ಟು ಮಾತ್ರ ನೆಲದಲ್ಲಿವೆ. ಆ ಬೋಲ್ಟುಗಳಿಗೂ ಕಾಕಾ ವರ್ಷಕ್ಕೊಮ್ಮೆ ಬಣ್ಣ ಹಚ್ಚುತ್ತಾರೆ.

ಉಳಿದ ಕನ್ನಡದವರು ಮನೆ ಹುಡುಕುವಾಗ ಅಡುಗೆಮನೆ ನೋಡುತ್ತಾರೆ, ಕಿಂಡರ್‌ಗಾರ್ಟನ್ ನೋಡುತ್ತಾರೆ, ಬಾಲ್ಕನಿಗೆ ಬಿಸಿಲು ಬರುತ್ತದೆಯೇ ನೋಡುತ್ತಾರೆ. ಕಾಕಾ ನೋಡಿದ್ದು ಫಾರ್‌ಪ್ಲಾನ್, ಅಂದರೆ ರೈಲಿನ ವೇಳಾಪಟ್ಟಿ. ಕಾಕು ಮೊದಲ ಸಲ ಬಂದಾಗಿನ ಕಥೆಯನ್ನು ಅವರ ಬಾಯಿಂದಲೇ ಕೇಳಬೇಕು. “ರೈಲ ಇಳದು ಸುತ್ತ ನೋಡಿದೆ. ಬರೇ ಗಿಡಾ. ಊರ ಎಲ್ಲೈತ್ರಿ ಅಂದೆ. ಇದs ಊರು ಅಂದ್ರು. ನಾ ಅಂದೆ, ಮತ್ತ ಮಂದಿ? ಅದಕ್ಕಿವರು, ಈಗ ನಾವು ಬಂದೇವಲಾ, ಅಂದ್ರು!”

ಇನ್ನು ರೈಲು ನಿಲ್ಲಿಸುವ ವಿಷಯ. ಇಂಥ ಸಣ್ಣ ನಿಲ್ದಾಣಗಳಿಗೆ ಇಲ್ಲಿ ಬೆಡಾರ್ಫ್ಸ್‌ಹಾಲ್ಟ್ ಎನ್ನುತ್ತಾರೆ. ಯಾರಿಗಾದರೂ ಬೇಕಿದ್ದರೆ ಮಾತ್ರ ರೈಲು ನಿಲ್ಲುತ್ತದೆ. ಒಳಗಿದ್ದವರು ಇಳಿಯಬೇಕಾದರೆ ಬಾಗಿಲ ಪಕ್ಕದ ಗುಂಡಿ ಒತ್ತಬೇಕು. ಹತ್ತಬೇಕಾದವರು ಚಾಲಕನಿಗೆ ಕಾಣುವ ಹಾಗೆ ಪ್ಲಾಟ್‌ಫಾರ್ಮಿನಲ್ಲಿ ನಿಲ್ಲಬೇಕು. ಎರಡೂ ಇಲ್ಲದಿದ್ದರೆ ರೈಲು ಆ ಊರು ಹುಟ್ಟೇ ಇಲ್ಲವೆಂಬಂತೆ ಹೋಗಿಬಿಡುತ್ತದೆ. ಸುಮ್ಮನೆ ನಿಂತರೆ ಸಾಕು, ಕೈ ಎತ್ತುವುದು ಬೇಕಿಲ್ಲ. ಆದರೆ ಕಾಕಾ ಎತ್ತುತ್ತಾರೆ. ಬರಿಗೈ ಅಲ್ಲ, ಕೈಯಲ್ಲೊಂದು ಹಸಿರು ಬಾವುಟ! ಕಾಕು ಕುಪ್ಪಸ ಹೊಲಿಸಲೆಂದು ಊರಿನಿಂದ ತಂದಿಟ್ಟಿದ್ದ ಹಸಿರು ಖಣವನ್ನು ಕೋಲಿಗೆ ಸಿಕ್ಕಿಸಿ ಮಾಡಿದ್ದು. ಹಸಿರು ರೈಲು ಬಿಡುವ ಬಣ್ಣ, ಕಾಕಾ ಅದರಿಂದಲೇ ನಿಲ್ಲಿಸುತ್ತಾರೆ ಕೂಡ. ಕಾಕು ಇಂದಿಗೂ ಆ ಖಣಕ್ಕಾಗಿ ಕಾಕಾನನ್ನು ಕ್ಷಮಿಸಿಲ್ಲ.

“ಇವರೇನ ಸ್ಟೇಷನ್ ಮಾಸ್ತರ್ರ?” ಎಂದು ಕಾಕು ಅಡುಗೆಮನೆಯ ಕಿಟಕಿಯಿಂದಲೇ ಕೂಗುವುದು ದಿನದ ಕಾರ್ಯಕ್ರಮ.

ಕಾಕಾನ ಉತ್ತರವೂ ದಿನಾ ಒಂದೇ. “ಮಾಸ್ತರ್ ನಮ್ಮಪ್ಪ. ನಾ ಬರೇ ಪ್ಯಾಸೆಂಜರ್.”

ನಾನು ಅಲ್ಲಿಗೆ ಮೊದಲ ಸಲ ಹೋದ ದಿನ ಈ ಗುಂಡಿ ಒತ್ತುವ ಸಮಾಚಾರ ನನಗೆ ಗೊತ್ತಿರಲಿಲ್ಲ. ಸ್ಟೇಷನ್ ಬಂದರೆ ರೈಲು ನಿಲ್ಲುತ್ತದೆ ಎಂದು ನಂಬಿ ಬೆಳೆದವಳು ನಾನು. ಕಿಟಕಿಯಲ್ಲಿ ಕಾಕಾ ಕಂಡರು, ರೈಲು ನಿಂತಿತು, ಇಳಿದೆ. ನಮಸ್ಕಾರ ಮಾಡಲು ಬಗ್ಗಿದರೆ ಕಾಕಾ ಗಾಬರಿಯಾಗಿ ಕೇಳಿದರು:

“ಗುಂಡಿ ಒತ್ತಿದ್ಯಾ?”

“ಯಾವ ಗುಂಡಿ ಕಾಕಾ?”

“ಒತ್ತಿಲ್ಲಾ? ಹಂಗಾರ ಈ ಗಾಡಿ ನಿಂತಿದ್ದು ನಿನ್ನ ಸಲುವಾಗಿ ಅಲ್ಲ, ನನ್ನ ಸಲುವಾಗಿ!”

“ಇರಲಿ ಬಿಡ್ರಿ ಕಾಕಾ, ನಿಂತಿತಲ್ಲ.”

“ಹಂಗ ಹೆಂಗ ಬಿಡ್ತಿ? ನಿಲ್ಲಿಸಿದ ಮ್ಯಾಲೆ ಹತ್ತಲಿಲ್ಲ ಅಂದ್ರ ಆ ಡ್ರೈವರ್ ಏನ ತಿಳಕೊಂಡಾನು? ನಾಳಿಂದ ನನ್ನ ನಂಬ್ತಾನ ಅಂವ?” ಎಂದವರೇ ಬಾವುಟವನ್ನು ನನ್ನ ಕೈಗೆ ಕೊಟ್ಟು ರೈಲು ಹತ್ತಿಯೇಬಿಟ್ಟರು! ಬಾಗಿಲು ಮುಚ್ಚಿತು. ಮನೆಗೆ ಬಂದ ಅತಿಥಿ ಪ್ಲಾಟ್‌ಫಾರ್ಮಿನಲ್ಲಿ, ಕರೆಯಲು ಬಂದ ಯಜಮಾನರು ರೈಲಿನಲ್ಲಿ. ಅವರು ಮುಂದಿನ ಸ್ಟೇಷನ್ನಿಗೆ ಹೋಗಿ, ಎದುರು ರೈಲಿಗೆ ಕಾದು, ವಾಪಸು ಬರಲು ಒಂದು ಗಂಟೆ ಹಿಡಿಯಿತು. ಅಷ್ಟೂ ಹೊತ್ತು ನಾನು ಬೆಂಚಿನ ಮೇಲೆ ಹಸಿರು ಬಾವುಟ ಹಿಡಿದು ಕೂತಿದ್ದೆ. ಕಾಕು ಕಿಟಕಿಯಿಂದ ಇಣುಕಿ, “ಬಂದಿಯಾ ತಂಗಿ? ಬಾ ಮ್ಯಾಲೆ. ಅವರು ಹಿಂಗs, ಎರಡನೇ ಗಾಡಿಗೆ ಬರ್ತಾರ,” ಎಂದು ಚಹಾಕ್ಕೆ ನೀರಿಟ್ಟರು.

ಕೆಳಗಿನ ಲಿಂಡ್ನರ್ ಅಜ್ಜಿಯನ್ನೂ ಪರಿಚಯಿಸಬೇಕು. ಎಂಬತ್ತು ದಾಟಿದ ಜೀವ. ಈ ನಿಲ್ದಾಣದ ಕೊನೆಯ ಸ್ಟೇಷನ್ ಮಾಸ್ತರರ ಮಗಳು. ಕಾರು ಓಡಿಸಲು ಬಾರದು. ಡಾಕ್ಟರ ಹತ್ತಿರ, ಅಂಗಡಿಗೆ, ಗೆಳತಿಯ ಮನೆಗೆ ಎಲ್ಲಕ್ಕೂ ಇದೇ ರೈಲು. ಅವರು ಮಾತಾಡುವ ಹಳ್ಳಿ ಜರ್ಮನ್ ನನಗೆ ಒಂದು ಅಕ್ಷರವೂ ತಿಳಿಯುವುದಿಲ್ಲ. ಕಾಕಾ ಪಕ್ಕದಲ್ಲಿ ಕೂತು ಎಲ್ಲವನ್ನೂ ನಮ್ಮ ಕಡೆಯ ಕನ್ನಡಕ್ಕೆ ತಿರುಗಿಸುತ್ತಾರೆ. ಹೀಗಾಗಿ ನನ್ನ ನೆನಪಿನಲ್ಲಿ ಅವರು ಬವೇರಿಯಾದ ಅಜ್ಜಿಯಲ್ಲ, ಅಚ್ಚ ಗದಗಿನ ಅಜ್ಜಿ!

ಕಾಕಾ ಮತ್ತು ಅಜ್ಜಿ ಭಾನುವಾರ ಮಧ್ಯಾಹ್ನ ಕಾಫಿಗೆ ಕೂತರೆ ಅಲ್ಲೊಂದು ಪೈಪೋಟಿ ಶುರುವಾಗುತ್ತದೆ. ಯಾರೂರು ಹೆಚ್ಚು ದೊಡ್ಡದಿತ್ತು? ಕಾಕಾ ಬೆಳೆದದ್ದು ನಮ್ಮ ಕಡೆಯ ಒಂದು ಮೀಟರ್‌ಗೇಜ್ ಜಂಕ್ಷನ್ನಿನಲ್ಲಿ. ಸುತ್ತ ಹರದಾರಿ ಹರದಾರಿ ಎರೆಮಣ್ಣಿನ ಬಯಲು, ನಡುವೆ ರೈಲಿಗೆಂದೇ ಹುಟ್ಟಿದ ಊರು. ಅವರಪ್ಪ ಅಲ್ಲಿಯ ಸ್ಟೇಷನ್ ಮಾಸ್ತರರು.

“ಇಲ್ಲೆ ದಿನಕ್ಕ ಹದಿನಾರು ಗಾಡಿ ನಿಲ್ತಿದ್ವು,” ಎಂದು ಅಜ್ಜಿ ಶುರು ಮಾಡುತ್ತಾರೆ.

“ನಮ್ಮಲ್ಲೆ ಇಪ್ಪತ್ತು!”

“ಇಲ್ಲೆ ನೀರಿನ ಟಾಕಿ ಇತ್ತು. ಗುಡ್ಡಾ ಏರೂ ಮುಂಚೆ ಎಲ್ಲಾ ಇಂಜಿನ್ನೂ ಇಲ್ಲೇ ನೀರ ಕುಡೀಬೇಕು.”

“ಟಾಕಿ ನಮ್ಮಲ್ಲೆ ಎರಡಿದ್ವು. ಮ್ಯಾಲೆ ಇಂಜಿನ್ ತಿರುಗಿಸೂ ಚಕ್ರಾನೂ ಇತ್ತು. ನಾಲ್ಕು ಮಂದಿ ದೂಡಿದ್ರ ಇಡೀ ಇಂಜಿನ್ ಗರಗರ ತಿರಗತಿತ್ತು!”

ಅಜ್ಜಿ ಬಿಡುವವರಲ್ಲ. ಅವರ ಕಲ್ಲಿನ ಗಣಿಯಿಂದ ಹೊರಟ ಗ್ರಾನೈಟು ದೊಡ್ಡ ದೊಡ್ಡ ಶಹರಗಳ ಬೀದಿಗೆ ಬಿದ್ದಿದೆಯಂತೆ. ಸ್ಟೇಷನ್ನಿನ ಊಟದ ಮನೆಯಲ್ಲಿ ಅವರಮ್ಮ ಮಾಡುತ್ತಿದ್ದ ಸೂಪಿಗಾಗಿ ಗಾರ್ಡುಗಳು ಬೇಕೆಂದೇ ಸಿಗ್ನಲ್ ತಡ ಮಾಡಿಸುತ್ತಿದ್ದರಂತೆ. ಕಾಕಾ ತಮ್ಮ ರೈಲ್ವೆ ಕಾಲೊನಿಯ ಅರವತ್ತು ಕ್ವಾರ್ಟರ್ಸು, ಇನ್‌ಸ್ಟಿಟ್ಯೂಟ್ ಎಂಬ ಕ್ಲಬ್ಬಿನ ಕೇರಂ ಬೋರ್ಡು, ಹತ್ತಿ ಅಂಡಿಗೆಯ ಮಾಲುಗಾಡಿ, ಪ್ಲಾಟ್‌ಫಾರ್ಮಿನ ಪೂರಿ ಪಲ್ಯ ಎಲ್ಲವನ್ನೂ ಒಂದೊಂದಾಗಿ ಇಳಿಸುತ್ತಾರೆ. ಏರಿದ ಕಥೆ ಮುಗಿದ ಮೇಲೆ ಇಳಿದ ಕಥೆ. ಈಗ ಪೈಪೋಟಿ ತಿರುವುಮುರುವು. ಯಾರೂರು ಹೆಚ್ಚು ಹಾಳಾಯಿತು?

“ಡೀಸೆಲ್ ಇಂಜಿನ್ ಬಂತು, ಟಾಕಿ ಹೋತು,” ಎಂದು ಅಜ್ಜಿ ಬೆರಳು ಮಡಚುತ್ತಾರೆ. “ಗಣಿ ಮುಚ್ಚಿತು, ಮಾಲುಗಾಡಿ ಹೋತು. ಆಮ್ಯಾಲೆ ಊಟದ ಮನಿ. ಆಮ್ಯಾಲೆ ನಮ್ಮಪ್ಪನ ಕೆಲಸ. ಕಡೀಕ ಟಿಕೆಟ್ ಮಷೀನು.”

ಕಾಕಾ ಕಪ್ಪು ಕೆಳಗಿಟ್ಟು ಗಂಭೀರವಾಗಿ ಹೇಳುತ್ತಾರೆ: “ನಮ್ಮಲ್ಲೆ ಬ್ರಾಡ್‌ಗೇಜ್ ಬಂತು. ಬಂದಿದ್ದು ನಮ್ಮೂರಿಗಲ್ಲ, ಹನ್ನೆರಡು ಕಿಲೋಮೀಟರ್ ಆಚೆ ಹಾದು ಹೋತು. ನಿಮ್ಮಲ್ಲೆ ಇನ್ನೂ ಹಳಿ ಅದಾವ. ನಮ್ಮ ಹಳೀನೂ ಕಿತ್ತಗೊಂಡು ಹೋದ್ರು. ಕಟಗಿ ಸ್ಲೀಪರ್ ಮಂದಿ ಮನಿ ಬಾಗಿಲಾ ಆದ್ವು. ಈಗ ಅಲ್ಲೆ ನಿಂತು ಸ್ಟೇಷನ್ ಎಲ್ಲಿತ್ತು ಅಂತ ನನಗs ತಿಳಿಯಂಗಿಲ್ಲ!”

ಅಜ್ಜಿ ಸೋಲು ಒಪ್ಪಿಕೊಂಡು ದೊಡ್ಡ ಕೇಕಿನ ತುಂಡನ್ನು ಕಾಕಾನ ತಟ್ಟೆಗೆ ದೂಡುತ್ತಾರೆ. ಕಾಕು ನನ್ನ ಕಡೆ ತಿರುಗಿ ಪಿಸುಗುಡುತ್ತಾರೆ: “ಎರಡೂ ಸತ್ತಾವ. ಯಾವುದು ಹೆಚ್ಚು ಸತ್ತೈತಿ ಅಂತ ಜಗಳಾ ನೋಡವಾ!”

ಹೀಗೆ ಆರಾಮಾಗಿ ಸತ್ತಿದ್ದ ಊರಿಗೆ ಹೋದ ವರ್ಷ ಮತ್ತೊಂದು ಸಾವು ಬಂತು. ಬೆಂಚಿನ ಪಕ್ಕದ ಗಾಜಿನ ಗೂಡಿಗೆ ಒಂದು ಕಾಗದ ಅಂಟಿಸಿದರು. ಹತ್ತುವವರೂ ಇಳಿಯುವವರೂ ತೀರ ಕಡಿಮೆಯಾದ್ದರಿಂದ ಈ ನಿಲುಗಡೆಯನ್ನು ಮುಂದಿನ ವೇಳಾಪಟ್ಟಿಯಿಂದ ತೆಗೆಯುವ ವಿಚಾರವಿದೆ. ಅದಕ್ಕೂ ಮೊದಲು ಕೆಲವು ವಾರ ಪ್ರಯಾಣಿಕರ ಎಣಿಕೆ ನಡೆಯಲಿದೆ. ಎಣಿಸಲು ಮನುಷ್ಯರು ಬರುವುದಿಲ್ಲ, ರೈಲಿನ ಬಾಗಿಲ ಮೇಲೆ ಒಂದು ಯಂತ್ರದ ಕಣ್ಣಿದೆ. ಹತ್ತಿದವರನ್ನೂ ಇಳಿದವರನ್ನೂ ಅದೇ ಎಣಿಸುತ್ತದೆ.

ಕಾಕಾ ಅಂದು ರೊಟ್ಟಿ ಮುಟ್ಟಲಿಲ್ಲ. ಬ್ಯುರ್ಗರ್‌ಮೈಸ್ಟರ್, ಅಂದರೆ ಊರಿನ ಮೇಯರ್ ಹತ್ತಿರ ಭೇಟಿಗೆ ಸಮಯ ತೆಗೆದುಕೊಂಡು ಹೋದರು. ಅವನು ಒಳ್ಳೆಯ ಮನುಷ್ಯನೇ. “ಜನ ಹತ್ತಿದರೆ ಉಳಿಯುತ್ತದೆ, ಹತ್ತದಿದ್ದರೆ ಇಲ್ಲ,” ಎಂದ. ಅಂದಿನಿಂದ ಕಾಕಾನ ಸತ್ಯಾಗ್ರಹ ಶುರು.

ನಾನು ಸುಲಭದ ದಾರಿ ಹೇಳಿಕೊಟ್ಟೆ. “ಕಾಕಾ, ನೀವು ಒಂದು ಬಾಗಿಲಿನಿಂದ ಹತ್ರಿ, ಇನ್ನೊಂದು ಬಾಗಿಲಿನಿಂದ ಇಳೀರಿ. ಮಷೀನಿಗೇನು ಗೊತ್ತಾಗತದ?”

ಕಾಕಾ ಕೆಂಡವಾದರು. “ಖೊಟ್ಟಿ ಲೆಕ್ಕ! ಮಾಸ್ತರ್ ಮಗಾ ಖೊಟ್ಟಿ ಲೆಕ್ಕ ತೋರಸ್ತಾನನು? ಕಾರಣ ಇಲ್ಲದನ ರೈಲು ಹತ್ತಬಾರದು!”

ಸರಿ, ಕಾರಣ ಹುಡುಕಬೇಕಲ್ಲ? ಕಾಕಾ ಹುಡುಕಿದರು. ಒಂದು ಸ್ಟೇಷನ್ನಿಗೆ ಹೋಗಿ ತಲೆಗೂದಲು ಕತ್ತರಿಸಿಕೊಂಡು ಬಂದರು. ಮರುದಿನ ಇನ್ನೊಂದು ಸ್ಟೇಷನ್ನಿಗೆ ಹೋಗಿ ಮೀಸೆ ತಿದ್ದಿಸಿಕೊಂಡು ಬಂದರು. ಆರೋಗ್ಯವಂತ ಹಲ್ಲನ್ನು ದಂತವೈದ್ಯರಿಗೆ ತೋರಿಸಿದರು. ಅವರು “ಏನೂ ತೊಂದರೆಯಿಲ್ಲ” ಎಂದದ್ದಕ್ಕೆ, ಖಾತ್ರಿ ಮಾಡಿಕೊಳ್ಳಲು ಮುಂದಿನ ಊರಿನ ದಂತವೈದ್ಯರಿಗೂ ತೋರಿಸಿದರು. ಲಿಂಡ್ನರ್ ಅಜ್ಜಿ ಮೂವತ್ತು ವರ್ಷ ಮಾತು ಬಿಟ್ಟಿದ್ದ ನಾದಿನಿಯ ಮನೆಗೆ ರಾಜಿಗೆಂದು ಹೋದರು. ಎಣಿಕೆ ಮುಗಿಯುವವರೆಗೆ ರಾಜಿ ಮುಗಿಸಬಾರದೆಂದು ಪ್ರತಿ ಸಲವೂ ಅರ್ಧಕ್ಕೇ ಜಗಳ ಮಾಡಿಕೊಂಡು ಬಂದರು! ಇನ್ನು ಕಾಕು. “ಒಂದು ಕೊತ್ತಂಬರಿ ಕಟ್ಟಿಗೆ ಹೋಗಾಕೊಂದು ಗಾಡಿ, ಬರಾಕೊಂದು ಗಾಡಿ! ಮರುದಿನಾ ಹಸಿಮೆಣಸಿನಕಾಯಿಗೆ ಮತ್ತೆರಡು ಗಾಡಿ! ಒಂದs ದಿನಾ ಎರಡೂ ತಂದ್ರ ಇವರು ಸಿಟ್ಟಿಗೇಳ್ತಾರ,” ಎಂದು ನನಗೆ ಫೋನು ಮಾಡಿ ಅತ್ತರು. ಅತ್ತರೋ ನಕ್ಕರೋ ಫೋನಿನಲ್ಲಿ ತಿಳಿಯಲಿಲ್ಲ.

ಇಷ್ಟಾದರೂ ಮೂರು ಜನ ಎಷ್ಟು ಸಲ ಹತ್ತಿ ಇಳಿದಾರು? ಕಾಕಾನ ಮುಖ ದಿನದಿಂದ ದಿನಕ್ಕೆ ಸಣ್ಣಗಾಯಿತು.

ಅದೇ ಹೊತ್ತಿಗೆ ನನಗೆ ಬಾನ್‌ನಲ್ಲಿ ಒಂದು ಸಂಶೋಧನಾ ಸಂಸ್ಥೆಯಲ್ಲಿ ಕೆಲಸ ಸಿಕ್ಕಿತು. ರೇಗನ್ಸ್‌ಬರ್ಗ್ ಬಿಡಬೇಕು. ಹೇಳಲು ಹೋದರೆ ಕಾಕಾ ಒಂದು ಕ್ಷಣ ಬಾಡಿ, ಮರುಕ್ಷಣ ಅರಳಿದರು. “ಯಾವ ದಿನಾ ಹೊಂಟಿ? ಎಣಿಕಿ ಮುಗಿಯೂದ್ರೊಳಗ ಐತೇನು? ಹಂಗಾರ ಇಲ್ಲಿಂದs ಹೊಂಡು! ಎಲ್ಲಾರ್ನೂ ಊಟಕ್ಕ ಕರೀತೇನಿ!” ನನ್ನನ್ನು ಬೀಳ್ಕೊಡುವುದು ಎಂಬ ಅಪ್ಪಟ ಕಾರಣ ಸಿಕ್ಕಿತ್ತಲ್ಲ! ರೇಗನ್ಸ್‌ಬರ್ಗ್ ಕನ್ನಡಿಗರ ವಾಟ್ಸಾಪ್ ಗುಂಪಿಗೆ ಸಂದೇಶ ಹೋಯಿತು: ‘ಭಾನುವಾರ ಮಧ್ಯಾಹ್ನ ನಮ್ಮಲ್ಲಿ ಜೋಳದ ರೊಟ್ಟಿ, ಎಣ್ಣೆಗಾಯಿ, ಹೋಳಿಗೆ. ಎಲ್ಲರೂ ಬರಬೇಕು. ದಯವಿಟ್ಟು ರೈಲಿನಲ್ಲೇ ಬರಬೇಕು.’

ನಮ್ಮ ಜನ ಹೋಳಿಗೆ ಎಂಬಲ್ಲಿಗೇ ಓದು ನಿಲ್ಲಿಸಿದ್ದರು.

ಭಾನುವಾರ ಕಾಕಾ ಬಾವುಟ ಹಿಡಿದು ಪ್ಲಾಟ್‌ಫಾರ್ಮಿನಲ್ಲಿ ನಿಂತಿದ್ದಾರೆ. ರೈಲು ಬಂತು. ನಾನೊಬ್ಬಳೇ ನನ್ನ ಪೆಟ್ಟಿಗೆಗಳೊಂದಿಗೆ ಇಳಿದೆ. ಆಗ ಕಟ್ಟಡದ ಹಿಂದಿನಿಂದ ಹಾರ್ನ್ ಕೇಳಿಸಿತು. ಒಂದು ಕಾರು. ಅದರ ಹಿಂದೆ ಇನ್ನೊಂದು. ಆಮೇಲೆ ಒಂದರ ಹಿಂದೊಂದು! ಮೂವತ್ತು ಜನ, ಎಲ್ಲರೂ ಕಾರಿನಲ್ಲಿ! ರೈಲು ಉಳಿಸುವ ಊಟಕ್ಕೆ!

ಬೆಂಗಳೂರಿನ ಸಾಫ್ಟ್‌ವೇರ್ ಹುಡುಗನೊಬ್ಬ ಕೀಲಿಕೈ ತಿರುಗಿಸುತ್ತ ಇಳಿದ. “ಸಾರಿ ಅಂಕಲ್, ಸಂಡೇ ಟ್ರೇನು ಎರಡು ಗಂಟೆಗೊಂದು. ಕಾರಲ್ಲೇ ಈಸಿ ಅಲ್ವಾ?”

“ಈಸಿ!” ಎಂದರು ಕಾಕಾ. “ನನ್ನ ಸ್ಟೇಷನ್ ಮುಚ್ಚಾಕ ನೀನೂ ಒಂದು ಕೈ ಹಚ್ಚಿದಿ ನೋಡು ತಮ್ಮಾ. ಬಾ, ಉಣ್ಣು.”

ಕಾರುಗಳೆಲ್ಲ ಹಳೆಯ ಮಾಲುಗಾಡಿಯ ಅಂಗಳದಲ್ಲಿ ಸಾಲಾಗಿ ನಿಂತವು. ಲಿಂಡ್ನರ್ ಅಜ್ಜಿಗೆ ಮಾತ್ರ ಖುಷಿಯೋ ಖುಷಿ. ಆ ಅಂಗಳ ಇಷ್ಟು ತುಂಬಿದ್ದನ್ನು ಗಣಿ ಮುಚ್ಚಿದ ಮೇಲೆ ಅವರು ನೋಡಿರಲಿಲ್ಲವಂತೆ. ಎಲ್ಲರೂ ಉಂಡರು, ತೇಗಿದರು, ಎಲೆ ಅಡಿಕೆ ಇಲ್ಲವೆಂದು ಕೊರಗಿದರು. ಕಾಕಾ ಬಡಿಸುತ್ತ ಓಡಾಡಿದರೇ ಹೊರತು ತಾವು ಕೂರಲಿಲ್ಲ. ಕೊನೆಗೆ ನನ್ನ ಪಕ್ಕ ಬಂದು, “ಹೋಗ್ಲಿ ಬಿಡು. ಖರೇನs ಹತ್ತಾಕಿ ನೀನೊಬ್ಬಾಕಿ ಇದ್ದಿಯಲಾ, ಒಂದು ಲೆಕ್ಕ ಆತು,” ಎಂದರು. ಆ ಮಾತು ಕೇಳಿ ನಾನೇ ಎದ್ದು ಒಂದು ಹೋಳಿಗೆ ತಂದು ಅವರ ಕೈಗಿಟ್ಟೆ.

ಎರಡೂ ನಲವತ್ತಕ್ಕೆ ನನ್ನ ರೈಲು. ಈಗ ನಡೆದದ್ದನ್ನು ಯಾರೂ ಮೊದಲೇ ಯೋಚಿಸಿ ಮಾಡಲಿಲ್ಲ, ದೇವರಾಣೆ! ನಮ್ಮ ಕಡೆ ಒಬ್ಬರು ಊರಿಗೆ ಹೊರಟರೆ ಮನೆಯಲ್ಲಿ ಯಾರಾದರೂ ಉಳಿಯುತ್ತಾರೆಯೇ? ಮೂವತ್ತು ಜನವೂ ಪ್ಲಾಟ್‌ಫಾರ್ಮಿಗೆ ಬಂದರು. ಬಂದವರು ಕೆಳಗೆ ನಿಲ್ಲುತ್ತಾರೆಯೇ? ರೈಲು ನಿಂತದ್ದೇ ತಡ, ಒಬ್ಬ ಪೆಟ್ಟಿಗೆ ಎತ್ತಿಕೊಂಡು ಹತ್ತಿದ. ಇನ್ನೊಬ್ಬ ಅವನಿಗೆ ಕೈ ಹಚ್ಚಲು ಹತ್ತಿದ. ಮೂರನೆಯವರು ಕಿಟಕಿಯ ಸೀಟು ಹುಡುಕಲು. ಇಬ್ಬರು ಹೆಂಗಸರು ಆ ಸೀಟು ಒರೆಸಲು. ಒಬ್ಬರು ನೀರಿನ ಬಾಟಲಿ ಕೊಡಲು ಹತ್ತಿ ಇಳಿದು, ಬುತ್ತಿ ಕೊಡಲು ಮತ್ತೆ ಹತ್ತಿ ಇಳಿದು, ಬುತ್ತಿಯಲ್ಲಿ ಏನೇನಿದೆ ಎಂದು ಹೇಳಲು ಮೂರನೆಯ ಸಲ ಹತ್ತಿದರು. ಒಬ್ಬರ ಮಗು ಜರ್ಮನ್‌ನಲ್ಲಿ ಅಪ್ಪನನ್ನು ಕೇಳುತ್ತಿತ್ತು, “ಹೋಗೋದು ಅವಳೊಬ್ಬಳೇ ತಾನೇ? ಎಲ್ಲರೂ ಯಾಕೆ ಹತ್ತುತ್ತಿದ್ದೇವೆ?” ಅಪ್ಪ ಅದರ ಕೈ ಹಿಡಿದು, “ನೀನೂ ಹತ್ತು, ಟಾಟಾ ಮಾಡು,” ಎಂದ.

ನನ್ನ ಎದುರಿನ ಸೀಟಿನಲ್ಲಿ ಸೈಕಲ್ ಹಿಡಿದ ಒಬ್ಬ ವಯಸ್ಸಾದ ಜರ್ಮನ್ ಮನುಷ್ಯ ಕೂತಿದ್ದರು. ಕಾಕು ಅವರ ಕೈಯಲ್ಲಿ ಒಂದು ಹೋಳಿಗೆ ಇಟ್ಟು ಶುದ್ಧ ಕನ್ನಡದಲ್ಲಿ, “ನಮ್ಮ ಹುಡುಗಿ ಬಾನ್ ತನಕಾ ಒಬ್ಬಾಕಿನs ಹೊಂಟಾಳ, ಸ್ವಲ್ಪ ನೋಡ್ಕೋರಿ,” ಎಂದು ಹೇಳಿದರು. ಅವರು “ಯಾ, ಯಾ,” ಎಂದು ತಲೆಯಾಡಿಸಿದರು. ತಾವು ಏನು ಒಪ್ಪಿಕೊಂಡೆವೆಂದು ಅವರಿಗೂ ತಿಳಿದಿರಲಾರದು.

ಬಾಗಿಲು ಖಾಲಿ ಬಿಡಿ ಎಂದು ಚಾಲಕ ಮೈಕಿನಲ್ಲಿ ಒಮ್ಮೆ ಹೇಳಿದ, ಎರಡು ಸಲ ಹೇಳಿದ, ಆಮೇಲೆ ತಾನೇ ಎದ್ದು ಬಂದು ನೋಡಿದ. ಅವನು ಕಾಕಾನ ನಿತ್ಯದ ಚಾಲಕ. ಈ ನಿಲ್ದಾಣದಲ್ಲಿ ಮೂವರಿಗಿಂತ ಹೆಚ್ಚು ಜನರನ್ನು ಅವನು ಕಂಡದ್ದೇ ಇಲ್ಲ. ಬಾಯಿ ತೆರೆದುಕೊಂಡು ನಿಂತ. ಕಾಕಾ ಅವನಿಗೆ ಕ್ಷಮೆ ಕೇಳುತ್ತ, “ಇಳೀರಿ! ಎಲ್ಲಾರೂ ಇಳೀರಿ! ಗಾಡಿ ತಡಾ ಆತು!” ಎಂದು ಕೂಗುತ್ತ ತಾವೂ ಹತ್ತಿದರು. ಅಷ್ಟರಲ್ಲಿ ಕಾಕುಗೆ ಉಪ್ಪಿನಕಾಯಿ ನೆನಪಾಗಿ ಇಳಿದು ಮನೆಗೆ ಓಡಿದರು. ಬಾಗಿಲು ಮುಚ್ಚಿತು. ರೈಲು ಹೊರಟಿತು.

ಒಳಗೆ ಎಣಿಸಿದರೆ ನಾನಲ್ಲದೆ ನಮ್ಮವರೇ ಹನ್ನೊಂದು ಜನ! ಬೆಂಗಳೂರಿನ ಹುಡುಗನ ಒಂದು ಕೈಯಲ್ಲಿ ನನ್ನ ದಿಂಬು, ಇನ್ನೊಂದು ಕೈಯಲ್ಲಿ ಫೋನು. “ಮಗಾ, ನನ್ ಕಾರ್ ಕೀ ನನ್ ಹತ್ರಾನೇ ಇದೆ ಗುರು! ನಿಮ್ ಕಾರ್ ಮುಂದೆ ಅಡ್ಡ ನಿಲ್ಸಿದೀನಿ!” ಎಂದು ಹಿಂದುಳಿದ ಗೆಳೆಯನಿಗೆ ಹೇಳುತ್ತಿದ್ದ. ತಿಂಗಳ ರೈಲು ಪಾಸು ಇಲ್ಲದ ಮೂವರಿಗೆ ಕಾಕಾ ನಿಂತಲ್ಲೇ ಫೋನಿನಲ್ಲಿ ಟಿಕೆಟ್ ತೆಗೆಸಿದರು. ಕಿಟಕಿಯಾಚೆ, ಪ್ಲಾಟ್‌ಫಾರ್ಮಿನ ತುದಿಯಲ್ಲಿ, ಕಾಕು ಉಪ್ಪಿನಕಾಯಿ ಭರಣಿ ಎತ್ತಿ ತೋರಿಸುತ್ತಿದ್ದರು. ಎಲ್ಲರೂ ಹತ್ತಿದ್ದರು, ಉಪ್ಪಿನಕಾಯಿಯೊಂದೇ ಉಳಿಯಿತು.

ಹನ್ನೊಂದು ಜನ ಮುಂದಿನ ಸ್ಟೇಷನ್ನಿನಲ್ಲಿ ಇಳಿದು, ಎರಡು ಗಂಟೆ ಕಾದು, ಎದುರು ರೈಲಿನಲ್ಲಿ ಹಿಂಟರ್‌ಕಿರ್ನಾವಿಗೆ ಬಂದು ಮತ್ತೆ ಇಳಿದರು. ಬಾಗಿಲ ಮೇಲಿನ ಕಣ್ಣು ಅಂದು ಹತ್ತಿದ್ದೆಷ್ಟು ಇಳಿದದ್ದೆಷ್ಟು ಎಣಿಸಿತೋ, ಅದಕ್ಕೆ ತಲೆ ತಿರುಗಿರಬೇಕು!

ಎರಡು ತಿಂಗಳ ಮೇಲೆ ನಿಲುಗಡೆ ಮುಂದುವರಿಯುತ್ತದೆ ಎಂಬ ಕಾಗದ ಗಾಜಿನ ಗೂಡಿಗೆ ಬಂತು. ಬೇರೆ ಯಾರಾದರೂ ಆಗಿದ್ದರೆ ಹೋಳಿಗೆ ಹಂಚುತ್ತಿದ್ದರು. ನಮ್ಮ ಕಾಕಾ? ನಿದ್ದೆಗೆಟ್ಟರು. ಇದು ಖೊಟ್ಟಿ ಲೆಕ್ಕವಾಯಿತೇ ಎಂಬ ಚಿಂತೆ! ನಾವೆಲ್ಲ ಕಾಲಿಗೆ ಬಿದ್ದು ಬೇಡವೆಂದರೂ ಕೇಳದೆ ರೈಲ್ವೆ ಕಚೇರಿಗೆ ಎರಡು ಪುಟದ ತಪ್ಪೊಪ್ಪಿಗೆ ಬರೆದರು. ಅಂದು ಹತ್ತಿದವರೆಲ್ಲ ಪ್ರಯಾಣಿಕರಲ್ಲ, ಒಬ್ಬಳನ್ನು ಕಳಿಸಲು ಬಂದವರು, ಹಾಗೆ ಒಳಗೆ ಹತ್ತಿ ಕೂರಿಸಿ ಇಳಿಯುವುದು ನಮ್ಮ ಪದ್ಧತಿ, ಬೇಕಾದರೆ ಆ ದಿನದ ಲೆಕ್ಕ ತೆಗೆದುಹಾಕಿ, ಎಂದು.

ಜರ್ಮನ್ ಕಚೇರಿ ತಾನೇ, ಉತ್ತರ ಬಂದೇ ಬಂತು. ‘ತಮ್ಮ ಆಸಕ್ತಿಗೆ ಧನ್ಯವಾದ. ಹತ್ತಿದವರು ಯಾವ ಕಾರಣಕ್ಕೆ ಹತ್ತಿದರು ಎಂಬ ಕಾಲಮ್ಮು ನಮ್ಮ ನಮೂನೆಯಲ್ಲಿ ಇರುವುದಿಲ್ಲ.’ ಕಾಕಾ ಅದಕ್ಕೆ ಚೌಕಟ್ಟು ಹಾಕಿಸಿ ದೇವರ ಫೋಟೋದ ಪಕ್ಕ ತೂಗುಹಾಕಿದ್ದಾರೆ.

ಕಥೆ ಇಲ್ಲಿಗೇ ಮುಗಿಸಬಹುದಿತ್ತು. ನಗಿಸಿದ್ದಾಯಿತಲ್ಲ. ಆದರೆ ಒಂದು ಮಾತನ್ನು ಮುಚ್ಚಿಟ್ಟಿದ್ದೇನೆ.

ಅಂದು ರೈಲು ಹೊರಟ ಮೇಲೆ ಹನ್ನೊಂದು ಜನರಲ್ಲಿ ಹತ್ತು ಜನ ಹೊಟ್ಟೆ ಹಿಡಿದುಕೊಂಡು ನಗುತ್ತಿದ್ದರು. ಕಾಕಾ ಮಾತ್ರ ನನ್ನ ಪಕ್ಕ ಬಂದು ಕುಸಿದು ಕೂತರು. ಮಡಿಲಲ್ಲಿ ಹಸಿರು ಖಣದ ಬಾವುಟ. “ಬಾವುಟಾ ಬೀಸದನ ಗಾಡಿ ಬಿಡ್ತಲ್ಲ ತಂಗಿ,” ಎಂದರು. “ಬೀಸಾಂವ ಒಳಗs ಉಳದ.”

“ಹೋಗ್ಲಿ ಬಿಡ್ರಿ ಕಾಕಾ,” ಎಂದೆ ನಗುತ್ತ.

ಅವರು ನಗಲಿಲ್ಲ. ಕಿಟಕಿಯ ಕಡೆ ನೋಡುತ್ತ, ಯಾರಿಗೋ ಹೇಳುವ ಹಾಗೆ ಹೇಳಿದರು. “ನಮ್ಮೂರಿನ ಕಡೀ ಗಾಡಿ ಹೊಂಟ ದಿನಾ ಅಪ್ಪನ ಸಾಮಾನೂ ಅದರಾಗs ಇತ್ತು. ಬ್ಯಾರೆ ಊರಿಗೆ ವರ್ಗ ಆಗಿತ್ತು. ನಾನೂ ಅವ್ವನೂ ಡಬ್ಬಿಯೊಳಗ ಕುಂತಿದ್ವಿ. ಇಪ್ಪತ್ತು ವರ್ಷ ಅಂವ ಊರ ಮಂದೀನೆಲ್ಲಾ ಕಳಿಸ್ಯಾನ. ಮದುವಿ ಹೆಣ್ಣು, ಸೈನ್ಯಕ್ಕ ಹೊಂಟಾವ್ರು, ದವಾಖಾನಿಗೆ ಹೊಂಟಾವ್ರು. ಆವತ್ತ ಅವನ್ನ ಕಳಿಸಾಕ ಒಬ್ಬರೂ ಇರಲಿಲ್ಲ. ಕಾಲೊನಿ ಎಲ್ಲಾ ಮೊದಲs ಖಾಲಿ ಆಗಿತ್ತು. ಅಪ್ಪ ಸ್ಟೇಷನ್ ಕೀಲಿ ಹಾಕಿದ. ತಾನs ಹಸಿರು ಬಾವುಟಾ ಬೀಸಿದ. ಗಾಡಿ ಬಿಡ್ತು. ಆಮ್ಯಾಲೆ ಬಾವುಟಾ ಬಗಲಾಗ ಹಿಡಕೊಂಡು ಓಡಿ ಬಂದು ತಾನs ಹತ್ತಿದ. ಏದುಸಿರು ಬಿಡಕೋತ ನಮ್ಮ ಎದುರು ಕುಂತ. ಊರು ಮರಿ ಆಗೂ ತನಕಾ ಕಿಟಕಿ ಬಿಡಲಿಲ್ಲ.”

ಇಷ್ಟು ವರ್ಷ ನಾವು ಹುಚ್ಚು ಎಂದು ನಗುತ್ತಿದ್ದದ್ದು ಇದನ್ನೇ ಎಂದು ತಿಳಿದು ನಾಚಿಕೆಯಾಯಿತು. ಅವರ ಕೈ ಹಿಡಿದುಕೊಂಡೆ, ಅಷ್ಟೇ. ಮುಂದಿನ ಸ್ಟೇಷನ್ ಬಂತು. ಹತ್ತೂ ಜನ ನಗುತ್ತ ಗದ್ದಲ ಮಾಡುತ್ತ ಇಳಿದರು. ಕಾಕಾ ಕೊನೆಗೆ ಇಳಿದರು. ಇಳಿದವರು ಪ್ಲಾಟ್‌ಫಾರ್ಮಿನ ತುದಿಗೆ ನಡೆದು, ಅಂಗಿಯ ಗುಂಡಿ ಸರಿಮಾಡಿಕೊಂಡು, ನೆಟ್ಟಗೆ ನಿಂತು ಬಾವುಟ ಎತ್ತಿದರು. ಚಾಲಕ ಅದಕ್ಕಾಗಿಯೇ ಕಾದಿದ್ದನೋ ಏನೋ, ಬಾವುಟ ಬೀಸಿದ ಮೇಲೆಯೇ ರೈಲು ಅಲುಗಿತು. ಅವರ ಹಿಂದೆ ಹತ್ತು ಜನ ಕೈ ಬೀಸುತ್ತಿದ್ದರು. ಒಬ್ಬನ ಕೈಯಲ್ಲಿ ಇನ್ನೂ ನನ್ನ ದಿಂಬಿತ್ತು.

ತಿರುವಿನಲ್ಲಿ ಮರಗಳು ಅಡ್ಡ ಬರುವವರೆಗೂ ಆ ಹಸಿರು ಕಾಣುತ್ತಿತ್ತು. ನಾನು ಮುಖ ಮುಚ್ಚಿಕೊಂಡು ಅತ್ತೆ. ಎದುರಿನ ಸೈಕಲ್ಲಿನ ಮನುಷ್ಯ, ಕಾಕು ಒಪ್ಪಿಸಿದ ಜವಾಬ್ದಾರಿ ನೆನಪಾಯಿತೋ ಏನೋ, ಕರವಸ್ತ್ರ ಮುಂದೆ ಹಿಡಿದು ಮೆಲ್ಲಗೆ ಕೇಳಿದರು:

“ಬಾವುಟ ಹಿಡಿದಿದ್ದರಲ್ಲ, ಯಾರವರು?”

ಕಣ್ಣು ಒರೆಸಿಕೊಂಡು ಹೇಳಿದೆ:

“ನಮ್ಮೂರಿನ ಸ್ಟೇಷನ್ ಮಾಸ್ತರರು.”